ಸೆಕೆಂಡ್ ಹ್ಯಾಂಡ್ ಟರ್ಬೋ ಹ್ಯಾಚ್‌ಬ್ಯಾಕ್: ಪದೇ ಪದೇ ಕೇಳುವ ಪ್ರಶ್ನೆಗಳು

ಹಳೆಯ ಟರ್ಬೋ ಪೆಟ್ರೋಲ್ ಹ್ಯಾಚ್‌ಬ್ಯಾಕ್ ಕೊಳ್ಳಲು ಹೊರಟವರು ಕೇಳುವ ಪ್ರಶ್ನೆಗಳು ಹೆಚ್ಚುಕಡಿಮೆ ಇವೇ. ಫೋನಿನಲ್ಲಿ, ಪತ್ರದಲ್ಲಿ, ಗ್ಯಾರೇಜಿನ ಮುಂದೆ ನಿಂತು ಮಾತಾಡುವಾಗ ಬಂದವನ್ನು ಕೇಳಿದವರ ಮಾತಿನಲ್ಲೇ ಇಟ್ಟಿದ್ದೇನೆ. ಕರ್ನಾಟಕದ ರಸ್ತೆ, ಇಲ್ಲಿನ ತೆರಿಗೆ, ಇಲ್ಲಿ ಸಿಗುವ ಕಾರುಗಳನ್ನು ಮನಸ್ಸಿನಲ್ಲಿಟ್ಟುಕೊಂಡು ಬರೆದ ಉತ್ತರಗಳಿವು.

## ಶುರುವಿನ ಪ್ರಶ್ನೆಗಳು

ಟರ್ಬೋ ಅಂದ್ರೆ ನಿಜವಾಗಿ ಏನು? ಮಾಮೂಲಿ ಪೆಟ್ರೋಲ್ ಕಾರಿಗೂ ಇದಕ್ಕೂ ಏನು ವ್ಯತ್ಯಾಸ?

ಎಂಜಿನ್‌ನಿಂದ ಹೊರಬೀಳುವ ಬಿಸಿ ಹೊಗೆಗೆ ರಭಸ ಇರುತ್ತದೆ. ಮಾಮೂಲಿ ಕಾರಿನಲ್ಲಿ ಅದು ಸೈಲೆನ್ಸರ್ ಮೂಲಕ ಸುಮ್ನೆ ಹೊರಗೆ ಹೋಗುತ್ತದೆ. ಟರ್ಬೋ ಕಾರಿನಲ್ಲಿ ಅದೇ ಹೊಗೆ ಒಂದು ಚಿಕ್ಕ ಚಕ್ರವನ್ನು ತಿರುಗಿಸುತ್ತದೆ. ಅದೇ ದಂಡದ ಇನ್ನೊಂದು ತುದಿಯಲ್ಲಿರುವ ಚಕ್ರ ಹೊರಗಿನ ಗಾಳಿಯನ್ನು ಒತ್ತಿ ಎಂಜಿನ್‌ಗೆ ತುಂಬುತ್ತದೆ. ಗಾಳಿ ಜಾಸ್ತಿ ಆದಷ್ಟೂ ಪೆಟ್ರೋಲ್ ಜಾಸ್ತಿ ಸುಡಬಹುದು, ಶಕ್ತಿಯೂ ಜಾಸ್ತಿ.

ಒಂದೇ ಕಾರಿನ ಎರಡು ಎಂಜಿನ್ ಹೋಲಿಸಿದರೆ ಬೇಗ ಗೊತ್ತಾಗುತ್ತದೆ. 2020ರ ಕೊನೆಗೆ ಬಂದ ಹ್ಯುಂಡೈ ಐ20ಯ 1.2 ಲೀಟರ್ ಮಾಮೂಲಿ ಎಂಜಿನ್ ಕೊಡುವ ಟಾರ್ಕ್, ಅಂದ್ರೆ ಎಳೆಯುವ ಬಲ, ಸುಮಾರು 115 ಎನ್‌ಎಂ, ಅದೂ ಎಂಜಿನ್ 4,000 ಆರ್‌ಪಿಎಂ (ನಿಮಿಷಕ್ಕೆ ಅಷ್ಟು ಸುತ್ತು) ದಾಟಿದ ಮೇಲೆ. ಅದೇ ಕಾರಿನ 1.0 ಲೀಟರ್ ಟರ್ಬೋ 172 ಎನ್‌ಎಂ ಕೊಡುತ್ತದೆ, ಅದೂ 1,500ರಿಂದಲೇ. ನಾಲ್ಕು ಜನ ಕೂತು, ಎಸಿ ಹಾಕಿ, ಶಿರಾಡಿ ಘಾಟಿ ಹತ್ತುವಾಗ ಮುಂದಿನ ಲಾರಿಯನ್ನು ದಾಟಲು ಬೇಕಾಗುವುದು ಇದೇ.

ಸೆಕೆಂಡ್ ಹ್ಯಾಂಡ್ ಟರ್ಬೋ ಮುಟ್ಟಬೇಡ, ಕೈ ಸುಡುತ್ತೆ ಅಂತ ಎಲ್ಲರೂ ಹೇಳ್ತಾರೆ. ನಿಜನಾ?

ಅರ್ಧ ನಿಜ. ಟರ್ಬೋ ಎಂಬ ಭಾಗ ತಾನಾಗಿ ಹಾಳಾಗುವುದು ಕಡಿಮೆ. ಅದರ ದಂಡ ನಿಮಿಷಕ್ಕೆ ಒಂದು ಲಕ್ಷಕ್ಕೂ ಹೆಚ್ಚು ಸುತ್ತು ತಿರುಗುತ್ತದೆ. ಅದನ್ನು ಹಿಡಿದು ನಿಲ್ಲಿಸಿರುವುದು ಎಂಜಿನ್ ಆಯಿಲ್‌ನ ತೆಳುವಾದ ಪದರ ಮಾತ್ರ. ಆಯಿಲ್ ಕಡಿಮೆಯಾದರೆ, ಹಳೆಯದಾಗಿ ಕಪ್ಪಾಗಿ ಗಟ್ಟಿಯಾದರೆ, ಅಥವಾ ಕಾರಿಗೆ ಒಪ್ಪದ ಅಗ್ಗದ ಆಯಿಲ್ ಹಾಕಿದರೆ ಮೊದಲು ಪೆಟ್ಟು ಬೀಳುವುದು ಅಲ್ಲಿಗೇ.

ಅಂದ್ರೆ ಹಿಂದಿನ ಓನರ್ ಸರ್ವಿಸ್ ಹೇಗೆ ಮಾಡಿಸಿದ್ದಾರೆ ಅನ್ನುವುದೇ ಇಲ್ಲಿ ಎಲ್ಲಕ್ಕಿಂತ ದೊಡ್ಡ ವಿಷಯ. ಮಾಮೂಲಿ ಎಂಜಿನ್ ಒಂದೆರಡು ಸರ್ವಿಸ್ ತಪ್ಪಿದರೂ ಸಹಿಸಿಕೊಳ್ಳುತ್ತದೆ. ಟರ್ಬೋ ಸಹಿಸಿಕೊಳ್ಳುವುದಿಲ್ಲ. 80,000 ಕಿಲೋಮೀಟರ್ ಓಡಿ ಎಲ್ಲ ಬಿಲ್ ಇರುವ ಕಾರು, 35,000 ಓಡಿ ಒಂದೂ ಬಿಲ್ ಇಲ್ಲದ ಕಾರಿಗಿಂತ ಎಷ್ಟೋ ಮೇಲು. ಈ ಒಂದು ಮಾತನ್ನು ಎಲ್ಲರಿಗೂ ಹೇಳುತ್ತೇನೆ, ಆದರೂ ಜನ ಮೊದಲು ನೋಡುವುದು ಓಡೋಮೀಟರನ್ನೇ.

ನಾನು ದಿನಾ ಸಿಲ್ಕ್ ಬೋರ್ಡ್ ದಾಟಿ ಆಫೀಸಿಗೆ ಹೋಗೋನು. ನನಗೆ ಟರ್ಬೋ ಬೇಕಾ?

ಓಡಾಟ ಅಷ್ಟೇ ಆಗಿದ್ದರೆ ಬೇಡ. ಗಂಟೆಗೆ ಹತ್ತು ಕಿಲೋಮೀಟರ್ ವೇಗದಲ್ಲಿ ತೆವಳುವಾಗ ಟರ್ಬೋ ಕೆಲಸ ಮಾಡುವ ಸಂದರ್ಭವೇ ಬರುವುದಿಲ್ಲ. ಪೆಟ್ರೋಲ್ ಜಾಸ್ತಿ ಹೋಗುತ್ತದೆ, ಎಂಜಿನ್ ಸುತ್ತ ಬಿಸಿ ನಿಲ್ಲುತ್ತದೆ. ಮಾಮೂಲಿ 1.2 ಆಟೋಮ್ಯಾಟಿಕ್ ಸಾಕು.

ಆದರೆ ಊರು ಹಾಸನವೋ ಪುತ್ತೂರೋ ಆಗಿದ್ದು, ತಿಂಗಳಿಗೆ ಎರಡು ಸಲ ಹೋಗಿಬರುವವರಾದರೆ ವಿಷಯ ಬೇರೆ. ಆ ದಾರಿಯಲ್ಲಿ ಟರ್ಬೋ ಕೊಡುವ ನೆಮ್ಮದಿ ದೊಡ್ಡದು. ಓವರ್‌ಟೇಕ್‌ಗೆ ಕಾಯಬೇಕಾದ ಖಾಲಿ ರಸ್ತೆಯ ಉದ್ದ ಅರ್ಧಕ್ಕರ್ಧ ಕಡಿಮೆಯಾದಂತೆ ಅನಿಸುತ್ತದೆ.

ಮೈಲೇಜ್ ಎಷ್ಟು ಬರುತ್ತೆ ಅಂತ ನೇರವಾಗಿ ಹೇಳಿ.

ಬೆಂಗಳೂರಿನ ಟ್ರಾಫಿಕ್‌ನಲ್ಲಿ 9ರಿಂದ 11. ಹೈವೇಯಲ್ಲಿ 90ರ ಆಸುಪಾಸಿನಲ್ಲಿ ಹೋದರೆ 16-18. ನೂರಿಪ್ಪತ್ತು ಹಿಡಿದರೆ ಮತ್ತೆ 13ಕ್ಕೆ ಇಳಿಯುತ್ತದೆ. ಬ್ರೋಷರ್ ಸಂಖ್ಯೆ ಮರೆತುಬಿಡಿ. ಟರ್ಬೋ ಕಾರಿನ ಮೈಲೇಜ್ ಮಾಮೂಲಿ ಕಾರಿಗಿಂತ ಹೆಚ್ಚಾಗಿ ಬಲಗಾಲಿನ ಮೇಲೆ ನಿಂತಿದೆ.

## ಯಾವ ಕಾರು?

ಹಳೆಯ ಮಾರ್ಕೆಟ್ಟಿನಲ್ಲಿ ಯಾವ ಯಾವ ಟರ್ಬೋ ಹ್ಯಾಚ್‌ಬ್ಯಾಕ್ ಸಿಗುತ್ತೆ?

ನಮ್ಮಲ್ಲಿ ಈ ಪಟ್ಟಿ ಉದ್ದ ಇಲ್ಲ.

ಫೋಕ್ಸ್‌ವ್ಯಾಗನ್ ಪೋಲೋದಲ್ಲಿ ಮುಖ್ಯವಾಗಿ ಎರಡು ಬಗೆ. ಟಿಎಸ್‌ಐ ಅಂದ್ರೆ ಈ ಕಂಪನಿಯ ಟರ್ಬೋ ಪೆಟ್ರೋಲ್ ಎಂಜಿನ್, ಪಿಎಸ್ ಅಂದ್ರೆ ಎಂಜಿನ್ ಶಕ್ತಿಯ ಅಳತೆ, ಬಿಎಚ್‌ಪಿಯೂ ಹೆಚ್ಚುಕಡಿಮೆ ಅಷ್ಟೇ. 2013ರಲ್ಲಿ ಬಂದ ಜಿಟಿ ಟಿಎಸ್‌ಐನಲ್ಲಿ 1.2 ಲೀಟರ್ ನಾಲ್ಕು ಸಿಲಿಂಡರ್, 105 ಪಿಎಸ್, ಡಿಎಸ್‌ಜಿ ಎಂಬ 7 ಗೇರಿನ ಆಟೋಮ್ಯಾಟಿಕ್. 2020ರಲ್ಲಿ ಬಿಎಸ್6 ಹೊಗೆ ನಿಯಮದ ಜೊತೆ ಬಂದದ್ದು 1.0 ಲೀಟರ್ ಮೂರು ಸಿಲಿಂಡರ್, 110 ಪಿಎಸ್, 6 ಗೇರಿನ ಮ್ಯಾನುಯಲ್ ಅಥವಾ ಟಾರ್ಕ್ ಕನ್ವರ್ಟರ್ ಆಟೋಮ್ಯಾಟಿಕ್. ಪುಣೆ ಹತ್ತಿರದ ಚಾಕಣ್‌ನಲ್ಲಿ ತಯಾರಾಗುತ್ತಿದ್ದ ಪೋಲೋ 2022ರಲ್ಲಿ ನಿಂತಿತು.

ಮಾರುತಿ ಬಲೆನೋ ಆರ್‌ಎಸ್ 2017ರಿಂದ 2020ರ ಆರಂಭದವರೆಗೆ ಇತ್ತು. 1.0 ಬೂಸ್ಟರ್‌ಜೆಟ್ ಟರ್ಬೋ ಎಂಜಿನ್, 102 ಪಿಎಸ್, 5 ಗೇರ್, ನಾಲ್ಕೂ ಚಕ್ರಕ್ಕೆ ಡಿಸ್ಕ್ ಬ್ರೇಕ್. ಟಾಟಾ ಟಿಯಾಗೋ ಜೆಟಿಪಿ 2018ರದ್ದು. ಕೊಯಮತ್ತೂರಿನ ಜಯಂ ಜೊತೆ ಸೇರಿ ಟಾಟಾ ಮಾಡಿದ 114 ಪಿಎಸ್‌ನ ಚಿಕ್ಕ ಕಾರು, ತುಂಬ ಅಪರೂಪ. ಟಾಟಾದ್ದೇ ಆಲ್ಟ್ರೋಜ್ ಐಟರ್ಬೋ 2021ರಲ್ಲಿ 110 ಪಿಎಸ್ ಜೊತೆ ಬಂತು. 2024ರ ಆಲ್ಟ್ರೋಜ್ ರೇಸರ್ 120 ಪಿಎಸ್, 6 ಗೇರ್. ಹ್ಯುಂಡೈಯಲ್ಲಿ 2020ರ ಗ್ರ್ಯಾಂಡ್ ಐ10 ನಿಯೋಸ್ ಟರ್ಬೋ 100 ಪಿಎಸ್, ಐ20 ಟರ್ಬೋ ಮತ್ತು 2021ರಿಂದ ಬಂದ ಐ20 ಎನ್ ಲೈನ್ 120 ಪಿಎಸ್. ಇವೆಲ್ಲಕ್ಕಿಂತ ಗಟ್ಟಿ ಎಂಜಿನ್ ಬೇಕೆಂದರೆ 2015ರ ಫಿಯಾಟ್ ಅಬಾರ್ತ್ ಪುಂಟೋ, 1.4 ಲೀಟರ್, 145 ಬಿಎಚ್‌ಪಿ.

ಸುಮ್ನೆ ಒಂದು ಹೆಸರು ಹೇಳಿ ಅಂದರೆ ಪೋಲೋ 1.0 ಟಿಎಸ್‌ಐ ಮ್ಯಾನುಯಲ್. ಅದೇ ಕುಟುಂಬದ ಎಂಜಿನ್ ಅದೇ ಕಂಪನಿಯ ವರ್ಟಸ್ ಮತ್ತು ಟೈಗುನ್‌ನಲ್ಲೂ ಇರುವುದರಿಂದ ಅದನ್ನು ಬಲ್ಲ ಮೆಕ್ಯಾನಿಕ್‌ಗಳು, ಬಿಡಿಭಾಗಗಳು ಇನ್ನೂ ಬಹಳ ವರ್ಷ ಸಿಗುತ್ತಾರೆ, ಸಿಗುತ್ತವೆ. ಹಿಂದಿನ ಸೀಟು ಇಕ್ಕಟ್ಟು. ಮನೆಯಲ್ಲಿ ಐದು ಜನ ಇದ್ದರೆ ಐ20 ನೋಡಿ.

ಪೋಲೋ ಜಿಟಿ ಟಿಎಸ್‌ಐ ತುಂಬ ಇಷ್ಟ. ಆದ್ರೆ ಡಿಎಸ್‌ಜಿ ಅಂದ್ರೆ ಭಯ. ತಗೊಳ್ಳಲಾ?

ಭಯಕ್ಕೆ ಕಾರಣ ಇದೆ. ಈ ಗೇರ್‌ಬಾಕ್ಸ್ ಒಳಗೆ ಎರಡು ಕ್ಲಚ್. ಬೆಸ ಗೇರಿಗೆ ಒಂದು, ಸಮ ಗೇರಿಗೆ ಒಂದು. ಎರಡೂ ಒಣ ಕ್ಲಚ್, ಅಂದ್ರೆ ತಂಪು ಮಾಡಲು ಎಣ್ಣೆಯ ಸ್ನಾನ ಇಲ್ಲ. ಟ್ರಾಫಿಕ್‌ನಲ್ಲಿ ಬ್ರೇಕಿನಿಂದ ಕಾಲು ಅರೆಬರೆ ತೆಗೆದು ಇಂಚಿಂಚು ಮುಂದೆ ಹೋಗುವಾಗ ಕ್ಲಚ್ ಪೂರ್ತಿ ಹಿಡಿಯದೆ ಉಜ್ಜುತ್ತಲೇ ಇರುತ್ತದೆ, ಬಿಸಿಯಾಗುತ್ತದೆ. ಅದರ ಮೇಲೆ ಗೇರ್ ಬದಲಿಸುವ ಮೆಕಟ್ರಾನಿಕ್ ಎಂಬ ಭಾಗ ಇದೆ. ಕೆಟ್ಟರೆ ಲಕ್ಷದ ಮಾತು.

ನೋಡಲು ಹೋದಾಗ ಕನಿಷ್ಠ ಅರ್ಧ ಗಂಟೆ ಓಡಿಸಿ ಪೂರ್ತಿ ಬಿಸಿ ಮಾಡಿ. ಆಮೇಲೆ ಪಾರ್ಕಿಂಗ್ ಇಳಿಜಾರನ್ನು ರಿವರ್ಸ್‌ನಲ್ಲಿ ನಿಧಾನಕ್ಕೆ ಹತ್ತಿಸಿ. ಒಂದರಿಂದ ಎರಡಕ್ಕೆ, ಎರಡರಿಂದ ಒಂದಕ್ಕೆ ಬರುವಾಗ ಗಡಗಡ ನಡುಕ ಇದೆಯಾ, ಡಿಸ್‌ಪ್ಲೇಯಲ್ಲಿ ಗೇರ್ ಅಕ್ಷರಗಳು ಮಿನುಗುತ್ತವಾ, ಬೆಸ ಅಥವಾ ಸಮ ಗೇರುಗಳು ಒಟ್ಟಿಗೇ ಮಾಯವಾಗುತ್ತವಾ ನೋಡಿ. ಇದರಲ್ಲಿ ಒಂದು ಕಂಡರೂ ಆ ಕಾರು ಬಿಡಿ. ಬೆಲೆ ಇಳಿಸಿದರೂ ಬಿಡಿ.

ಕ್ಲಚ್ ಮತ್ತು ಮೆಕಟ್ರಾನಿಕ್ ಈಗಾಗಲೇ ಬದಲಾಗಿ ಬಿಲ್ ಇರುವ ಕಾರು ಸಿಕ್ಕರೆ, ಮುಖ್ಯವಾಗಿ ಹೈವೇಯಲ್ಲಿ ಓಡಿಸುವವರಾದರೆ, ಧೈರ್ಯ ಮಾಡಬಹುದು. ಆ ಎಂಜಿನ್ ಗೇರ್‌ಬಾಕ್ಸ್ ಜೋಡಿ ಸರಿಯಾಗಿದ್ದಾಗ ಕೊಡುವ ಖುಷಿ ನಮ್ಮ ಚಿಕ್ಕ ಕಾರುಗಳಲ್ಲಿ ಕಡಿಮೆ ಸಿಗುತ್ತದೆ.

ಬಲೆನೋ ಆರ್‌ಎಸ್ ಕಡಿಮೆ ಬೆಲೆಗೆ ಬಂದಿದೆ. ಮಾರುತಿ ಅಲ್ವಾ, ಕಣ್ಣು ಮುಚ್ಚಿ ತಗೋಬಹುದಾ?

ಕಣ್ಣು ತೆರೆದೇ ತಗೊಳ್ಳಿ. 2023ರಲ್ಲಿ ಮಾರುತಿ 7,213 ಬಲೆನೋ ಆರ್‌ಎಸ್ ಕಾರುಗಳನ್ನು ವಾಪಸ್ ಕರೆಯಿತು. ಬ್ರೇಕಿಗೆ ನೆರವಾಗುವ ವ್ಯಾಕ್ಯೂಮ್ ಪಂಪಿನಲ್ಲಿ ದೋಷ ಇರಬಹುದು, ಇದ್ದರೆ ಬ್ರೇಕ್ ಪೆಡಲ್ ಗಟ್ಟಿಯಾಗಿ ಜಾಸ್ತಿ ಒತ್ತಬೇಕಾಗಬಹುದು ಅನ್ನುವುದು ಕಾರಣ. 2016ರ ಅಕ್ಟೋಬರ್ ಕೊನೆಯಿಂದ 2019ರ ನವೆಂಬರ್ ಆರಂಭದವರೆಗೆ ತಯಾರಾದ ಕಾರುಗಳಿಗೆ ಇದು ಅನ್ವಯ. ಕಾರಿನ ಚಾಸಿ ನಂಬರ್ ಹಿಡಿದು ಅಧಿಕೃತ ವರ್ಕ್‌ಶಾಪಿನಲ್ಲಿ ಕೇಳಿದರೆ ಆ ಕೆಲಸ ಆಗಿದೆಯೋ ಇಲ್ಲವೋ ಹೇಳುತ್ತಾರೆ. ಆಗಿಲ್ಲದಿದ್ದರೆ ಮೊದಲು ಅದನ್ನೇ ಮಾಡಿಸಿ.

ಉಳಿದಂತೆ ಹಗುರವಾದ, ಚುರುಕಾದ, ಗೋಳು ಕಡಿಮೆ ಇರುವ ಕಾರು. 1.0 ಬೂಸ್ಟರ್‌ಜೆಟ್ ಮುಂದೆ ಫ್ರಾಂಕ್ಸ್‌ನಲ್ಲೂ ಬಂದದ್ದರಿಂದ ಎಂಜಿನ್ ಕಡೆ ಅಷ್ಟು ಚಿಂತೆ ಬೇಡ. ಆರ್‌ಎಸ್‌ಗೆ ಮಾತ್ರ ಇದ್ದ ಬಂಪರ್‌ನಂಥ ಭಾಗಗಳಿಗೆ ಕಾಯಬೇಕಾಗಬಹುದು.

ಅಬಾರ್ತ್ ಪುಂಟೋ ನನ್ನ ಕನಸಿನ ಕಾರು. ಒಂದೇ ಕಾರಾಗಿ ಇಟ್ಕೋಬಹುದಾ?

ಎರಡನೇ ಕಾರಾಗಿ ಇಟ್ಟುಕೊಳ್ಳಿ. ಬಿಎಸ್6 ಬರುವ ಹೊತ್ತಿಗೆ ಫಿಯಾಟ್ ಕಾರುಗಳ ಮಾರಾಟ ಇಲ್ಲಿ ನಿಂತಿತ್ತು. ಮಾಮೂಲಿ ಪುಂಟೋ, ಲೀನಿಯಾ ಭಾಗಗಳು ಹೇಗೋ ಸಿಗುತ್ತವೆ. ಅಬಾರ್ತ್‌ಗೇ ಮೀಸಲಾದವು ಸಿಗಲು ವಾರಗಟ್ಟಲೆ ಹುಡುಕಬೇಕು. ಫಿಯಾಟ್ ಬಲ್ಲ ಮೆಕ್ಯಾನಿಕ್ ನಿಮ್ಮ ಊರಿನಲ್ಲಿದ್ದಾರಾ ಅಂತ ಮೊದಲು ಖಾತ್ರಿ ಮಾಡಿಕೊಂಡು ಆಮೇಲೆ ಕಾರು ಹುಡುಕಿ.

ಐ20 ಟರ್ಬೋದಲ್ಲಿ ಡಿಸಿಟಿ ಒಳ್ಳೇದಾ, ಐಎಂಟಿ ಒಳ್ಳೇದಾ?

ಡಿಸಿಟಿಯೂ ಎರಡು ಒಣ ಕ್ಲಚ್ ಇರುವ, 7 ಗೇರಿನ ಆಟೋಮ್ಯಾಟಿಕ್. ಪೋಲೋಗೆ ಹೇಳಿದ ಪರೀಕ್ಷೆಯನ್ನೇ ಇದಕ್ಕೂ ಮಾಡಿ. ಐಎಂಟಿಯಲ್ಲಿ ಗೇರ್ ನೀವೇ ಹಾಕಬೇಕು, ಕ್ಲಚ್ ಪೆಡಲ್ ಮಾತ್ರ ಇಲ್ಲ. ಸೆನ್ಸರ್ ನೋಡಿ ಮೋಟಾರ್ ಕ್ಲಚ್ ಒತ್ತುತ್ತದೆ. ಕೆಲವರಿಗೆ ಇದು ಒಗ್ಗುವುದೇ ಇಲ್ಲ, ಹಾಗಾಗಿ ಹಳೆಯ ಮಾರ್ಕೆಟ್ಟಿನಲ್ಲಿ ಚೌಕಾಸಿಗೆ ಜಾಗ ಇರುತ್ತದೆ. 2023ರ ಸೆಪ್ಟೆಂಬರ್‌ನಲ್ಲಿ ಎನ್ ಲೈನ್‌ಗೆ ಐಎಂಟಿ ಬದಲು ನಿಜವಾದ 6 ಗೇರ್ ಮ್ಯಾನುಯಲ್ ಬಂತು. ಬಜೆಟ್ ತಲುಪಿದರೆ ನನ್ನ ಓಟು ಅದಕ್ಕೆ.

## ನೋಡುವುದು, ಓಡಿಸುವುದು, ಕಾಗದಪತ್ರ

ಕಾರು ನೋಡೋಕೆ ಹೋದಾಗ ಏನೇನು ನೋಡಬೇಕು? ನನಗೆ ಮೆಕ್ಯಾನಿಕಲ್ ಏನೂ ಗೊತ್ತಿಲ್ಲ.

ಹೋಗುವ ಮುಂಚೆ ಮಾರುವವರಿಗೆ ಹೇಳಿ: ನಾನು ಬರುವ ತನಕ ಸ್ಟಾರ್ಟ್ ಮಾಡಬೇಡಿ. ತಲುಪಿದ ಕೂಡಲೇ ಬಾನೆಟ್ ಮೇಲೆ ಕೈ ಇಡಿ. ಬೆಚ್ಚಗಿದ್ದರೆ ಕೋಲ್ಡ್ ಸ್ಟಾರ್ಟ್‌ನಲ್ಲಿ ಏನೋ ಮುಚ್ಚಿಡುತ್ತಿದ್ದಾರೆ ಅನ್ನುವ ಅನುಮಾನಕ್ಕೆ ಜಾಗ ಇದೆ. ಇನ್ನೊಂದು ದಿನ ಬೆಳಿಗ್ಗೆ ಬರುತ್ತೇನೆ ಅನ್ನಿ.

ಡಿಪ್‌ಸ್ಟಿಕ್ ಎಳೆದು ಆಯಿಲ್ ಮಟ್ಟ ನೋಡಿ. ಕನಿಷ್ಠ ಗೆರೆಗಿಂತ ಕೆಳಗಿದ್ದರೆ ಹಾಗೇ ಎಷ್ಟು ದಿನ ಓಡಿಸಿದ್ದಾರೋ ಅಂತ ಯೋಚಿಸಬೇಕು. ಆಯಿಲ್ ಹಾಕುವ ಮುಚ್ಚಳ ತೆಗೆದು ಒಳಗೆ ಟಾರ್ಚ್ ಬಿಡಿ. ಕಂದು ಬಣ್ಣದ ತೆಳು ಲೇಪ ಸರಿ, ಕಪ್ಪು ಜಿಡ್ಡು ಗಟ್ಟಿ ಕಟ್ಟಿದ್ದರೆ ಆಯಿಲ್ ಹೊತ್ತಿಗೆ ಬದಲಾಗಿಲ್ಲ. ಕೂಲೆಂಟ್ ಡಬ್ಬಿಯಲ್ಲಿ ಬಣ್ಣದ ದ್ರವ ಇರಬೇಕು, ಬರೀ ನಲ್ಲಿ ನೀರಲ್ಲ.

ಈಗ ಸ್ಟಾರ್ಟ್ ಮಾಡಿಸಿ ಸೈಲೆನ್ಸರ್ ಹಿಂದೆ ನಿಲ್ಲಿ. ಮೂರ್ನಾಲ್ಕು ನಿಮಿಷ ಹಾಗೇ ಓಡಲಿ, ಆಮೇಲೆ ಯಾರಾದರೂ ಆಕ್ಸಿಲರೇಟರ್ ಒಮ್ಮೆ ಒತ್ತಲಿ. ನೀಲಿ ಹೊಗೆ ಬಂದರೆ ಆಯಿಲ್ ಸುಡುತ್ತಿದೆ. ಟರ್ಬೋ ಸೀಲ್ ಇರಬಹುದು, ಬೇರೆಯೂ ಇರಬಹುದು, ಯಾವುದಾದರೂ ಖರ್ಚೇ. ಚಳಿಯ ಬೆಳಿಗ್ಗೆ ಬಿಳಿ ಆವಿ ಬಂದು ಹೋದರೆ ಹೆದರಬೇಡಿ, ಅದು ನೀರಿನ ಆವಿ.

ಓಡಿಸುವಾಗ ಮ್ಯೂಸಿಕ್ ಆಫ್. ಮೂರನೇ ಗೇರಿನಲ್ಲಿ 1,500 ಆರ್‌ಪಿಎಂನಿಂದ ಪೂರ್ತಿ ಒತ್ತಿ. ಒಂದು ಕ್ಷಣ ತಡೆದು ಆಮೇಲೆ ಒಂದೇ ಸಮನೆ ಎಳೆಯಬೇಕು. ಎಳೆತ ಬಂದು ತಟ್ಟನೆ ಬಿದ್ದರೆ, ಮತ್ತೆ ಬಂದರೆ, ಎಲ್ಲೋ ಗಾಳಿ ಸೋರುತ್ತಿದೆ ಅಥವಾ ಕಿಡಿಗೆ ಕರೆಂಟ್ ಕೊಡುವ ಇಗ್ನಿಷನ್ ಕಾಯಿಲ್ ಸೋತಿದೆ. ಸಣ್ಣ ಶಿಳ್ಳೆ ಸಹಜ. ವೇಗದ ಜೊತೆ ಏರುತ್ತಾ ಹೋಗುವ ಕಿರುಚು ಸಹಜ ಅಲ್ಲ. ಸಾಧ್ಯವಾದರೆ ಒಂದು ಏರು ಇರುವ ದಾರಿ ಆರಿಸಿ. ವಾಪಸ್ ಬಂದ ಮೇಲೆ ಆಫ್ ಮಾಡಿ, ಹತ್ತು ನಿಮಿಷ ಬಿಟ್ಟು ಬಿಸಿಯಲ್ಲೇ ಮತ್ತೆ ಸ್ಟಾರ್ಟ್ ಮಾಡಿ.

ಕೊನೆಗೆ ನಿಮ್ಮ ನಂಬಿಕೆಯ ಗ್ಯಾರೇಜಿಗೆ ಒಯ್ದು ಲಿಫ್ಟ್ ಮೇಲೆ ಏರಿಸಿ. ನಮ್ಮ ರೋಡ್ ಹಂಪ್‌ಗಳು ಎಂಜಿನ್ ಕೆಳಗಿನ ಆಯಿಲ್ ಸಂಪ್‌ಗೆ ಹೊಡೆದ ಗುರುತು ಅಲ್ಲಿ ಕಾಣುತ್ತದೆ. ಮುಂದಿನ ಬಂಪರ್ ಹಿಂದೆ ಇರುವ ರೇಡಿಯೇಟರ್, ಟರ್ಬೋ ಒತ್ತಿದ ಗಾಳಿಯನ್ನು ತಂಪು ಮಾಡುವ ಇಂಟರ್‌ಕೂಲರ್, ಅವುಗಳ ಪೈಪ್ ನೋಡಿಸಿ. ಮುಂದಿನಿಂದ ಆಕ್ಸಿಡೆಂಟ್ ಆಗಿ ಟಿಂಕರಿಂಗ್ ಆದ ಕಾರಿನಲ್ಲಿ ಇವನ್ನು ಅರೆಬರೆ ಜೋಡಿಸಿರುವುದು ಮಾಮೂಲು.

ಕಾರಿನ ಕಂಪ್ಯೂಟರನ್ನು ಓದುವ ಸ್ಕ್ಯಾನರ್ ಹಾಕಿಸುವಾಗ ಒಂದು ಗುಟ್ಟು. ಎರರ್ ಕೋಡ್ ಇಲ್ಲ ಅಂದ ಮಾತ್ರಕ್ಕೆ ಖುಷಿ ಪಡಬೇಡಿ. 'ರೆಡಿನೆಸ್ ಮಾನಿಟರ್', ಅಂದ್ರೆ ಕಾರು ತನ್ನನ್ನು ತಾನೇ ಮಾಡಿಕೊಳ್ಳುವ ಪರೀಕ್ಷೆಗಳು, ಪೂರ್ತಿಯಾಗಿವೆಯಾ ಅಂತ ಕೇಳಿ. ಅಪೂರ್ಣ ಅಂತ ತೋರಿಸಿದರೆ ಹತ್ತಿರದಲ್ಲೇ ಯಾರೋ ಕೋಡ್ ಅಳಿಸಿದ್ದಾರೆ ಅಥವಾ ಬ್ಯಾಟರಿ ಕಳಚಿದ್ದಾರೆ. ಕಾರಣ ಕೇಳಿ.

ಮೀಟರ್ ತಿರುಗಿಸಿದ್ದಾರೋ ಇಲ್ವೋ ಅಂತ ಹೇಗೆ ಗೊತ್ತಾಗುತ್ತೆ?

ಅಧಿಕೃತ ಸರ್ವಿಸ್ ಸೆಂಟರಿನ ದಾಖಲೆ ಕೇಳಿ, ಪ್ರತಿ ಸಲ ಬರೆದ ಕಿಲೋಮೀಟರ್ ಏರುತ್ತಾ ಬಂದಿದೆಯಾ ನೋಡಿ. ಟೈರ್ ಬದಿಯಲ್ಲಿ ನಾಲ್ಕು ಅಂಕಿ ಇರುತ್ತದೆ, ಮೊದಲೆರಡು ವಾರ, ಕೊನೆಯೆರಡು ವರ್ಷ. 2021ರ ಕಾರು 28,000 ಓಡಿದೆ ಅನ್ನುತ್ತಾರೆ, ನಾಲ್ಕೂ ಟೈರ್ 2024ರದ್ದು ಅಂದರೆ ಲೆಕ್ಕ ಕೂಡುವುದಿಲ್ಲ ಅಲ್ವಾ? ಪೆಡಲ್ ರಬ್ಬರ್, ಸ್ಟೀರಿಂಗ್ ಮೇಲಿನ ಸವೆತ, ಡ್ರೈವರ್ ಸೀಟಿನ ಅಂಚು ಇವೂ ಸಾಕ್ಷಿ ಹೇಳುತ್ತವೆ.

ನೀರಲ್ಲಿ ಮುಳುಗಿದ ಕಾರು ಅಂತ ಕಂಡುಹಿಡಿಯೋದು ಹೇಗೆ?

2022ರ ಸೆಪ್ಟೆಂಬರ್ ಮಳೆಯಲ್ಲಿ ಬೆಂಗಳೂರಿನ ಹೊರವರ್ತುಲ ರಸ್ತೆ, ಬೆಳ್ಳಂದೂರು ಕಡೆ ಎಷ್ಟೋ ಬೇಸ್‌ಮೆಂಟ್ ಕಾರುಗಳು ಮುಳುಗಿದವು. 2023ರ ಡಿಸೆಂಬರ್‌ನಲ್ಲಿ ಚೆನ್ನೈಗೂ ಹಾಗೇ ಆಯಿತು. ಅಂಥ ಕಾರುಗಳಲ್ಲಿ ಕೆಲವು ತೊಳೆದು ಒಣಗಿಸಿ ಮಾರ್ಕೆಟ್ಟಿಗೆ ಬರುತ್ತವೆ.

ಸೀಟ್ ಬೆಲ್ಟನ್ನು ಕೊನೆಯ ತನಕ ಎಳೆದು ಮಣ್ಣಿನ ಗೆರೆ ನೋಡಿ. ಸ್ಪೇರ್ ಟೈರ್ ಎತ್ತಿ ಕೆಳಗಿನ ಗುಂಡಿ ನೋಡಿ. ಸೀಟಿನ ಕೆಳಗಿನ ಬೋಲ್ಟ್‌ಗಳಿಗೆ ತುಕ್ಕು ಹಿಡಿದಿದೆಯಾ ನೋಡಿ. ಕಾರೊಳಗೆ ಸೆಂಟ್ ವಾಸನೆ ತಲೆ ಸುತ್ತುವಷ್ಟಿದ್ದರೆ ಕಿಟಕಿ ಮುಚ್ಚಿ, ಎಸಿ ಆಫ್ ಮಾಡಿ ಹತ್ತು ನಿಮಿಷ ಕೂತು ಮತ್ತೆ ಮೂಸಿ ನೋಡಿ. ಇನ್ಶೂರೆನ್ಸ್ ಕ್ಲೇಮ್ ಇತಿಹಾಸವನ್ನೂ ಕೇಳಿ.

ದೆಹಲಿ ಕಡೆ ಕಾರು ಒಂದೂವರೆ ಲಕ್ಷ ಕಡಿಮೆಗೆ ಸಿಗ್ತಾ ಇದೆ. ತರಿಸಿಕೊಳ್ಳಲಾ?

ಮೊದಲು ಪೂರ್ತಿ ಲೆಕ್ಕ ಹಾಕಿ. ಕರ್ನಾಟಕದ ಲೈಫ್‌ಟೈಮ್ ಟ್ಯಾಕ್ಸ್ ದೇಶದಲ್ಲೇ ಜಾಸ್ತಿ ಇರುವ ಕಡೆಗಳಲ್ಲಿ ಒಂದು. ಹೊಸ ಪೆಟ್ರೋಲ್ ಕಾರಿಗೆ ಬೆಲೆ ನೋಡಿ ಶೇ. 13ರಿಂದ 18, ಅದರ ಮೇಲೆ ಸೆಸ್. ಹೊರ ರಾಜ್ಯದ ಹಳೆಯ ಕಾರಿಗೆ ವಯಸ್ಸಿನ ಪ್ರಕಾರ ರಿಯಾಯಿತಿ ಇದೆ, ಆದರೂ ಮೂರ್ನಾಲ್ಕು ವರ್ಷದ ಕಾರಿಗೆ ದೊಡ್ಡ ಮೊತ್ತವೇ ಆಗುತ್ತದೆ. ಜೊತೆಗೆ ಅಲ್ಲಿನ ಆರ್‌ಟಿಒದಿಂದ ಎನ್‌ಒಸಿ, ಇಲ್ಲಿ ಕೆಎ ನಂಬರ್, ಲಾರಿಯಲ್ಲಿ ತರಿಸುವ ಬಾಡಿಗೆ. ಅಲ್ಲಿ ಕಟ್ಟಿದ ಟ್ಯಾಕ್ಸ್ ವಾಪಸ್ ಪಡೆಯುವುದು ಓಡಾಟದ ಕೆಲಸ.

ಹೊರಗಿನ ನಂಬರ್ ಇಟ್ಟುಕೊಂಡೇ ಓಡಿಸುತ್ತೇನೆ ಅನ್ನಬೇಡಿ. ಬೇರೆ ರಾಜ್ಯದಲ್ಲಿ 12 ತಿಂಗಳಿಗಿಂತ ಜಾಸ್ತಿ ಇಟ್ಟರೆ ನಂಬರ್ ಬದಲಿಸಲೇಬೇಕು ಅಂತ ಮೋಟಾರು ವಾಹನ ಕಾಯ್ದೆ ಹೇಳುತ್ತದೆ. ಅಬಾರ್ತ್, ಜೆಟಿಪಿಯಂಥ ಅಪರೂಪದ ಕಾರಿಗೆ ಈ ಶ್ರಮ ಪಡಬಹುದು. ಐ20ಗೆ ಬೇಡ, ಇಲ್ಲೇ ಬೇಕಾದಷ್ಟಿವೆ.

ದುಡ್ಡು ಕೊಡೋ ಮುಂಚೆ ಯಾವ ಕಾಗದ ನೋಡಬೇಕು?

ಆರ್‌ಸಿಯ ಹೆಸರು ಮತ್ತು ಎದುರಿಗಿರುವವರ ಗುರುತು ಒಂದೇ ಆಗಿರಬೇಕು. ಸರ್ಕಾರದ ಪರಿವಾಹನ್ ತಾಣದಲ್ಲಿ ನಂಬರ್ ಹಾಕಿ ಎಷ್ಟನೇ ಓನರ್, ಸಾಲ ಇದೆಯಾ, ಇನ್ಶೂರೆನ್ಸ್ ಇದೆಯಾ ನೋಡಿ. ಸಾಲ ತೀರಿದ್ದರೆ ಬ್ಯಾಂಕಿನ ಪತ್ರ ಮತ್ತು ಫಾರಂ 35 ಬೇಕು. ಟ್ರಾಫಿಕ್ ದಂಡ ಬಾಕಿ ಇದ್ದರೆ ಮಾರುವವರೇ ಕಟ್ಟಲಿ. ಹೆಸರು ಬದಲಿಸುವ ಫಾರಂ 29 ಮತ್ತು 30ಕ್ಕೆ ಸಹಿ ಆಗಲಿ. ಖಾಲಿ ಫಾರಂಗೆ ಸಹಿ ಮಾಡಿ ಬ್ರೋಕರ್ ಕೈಗೆ ಕೊಡುವ ಪದ್ಧತಿಗೆ ದಯವಿಟ್ಟು ಒಪ್ಪಬೇಡಿ. ಹೆಸರು ಬದಲಾಗುವ ತನಕ ಸ್ವಲ್ಪ ಹಣ ಹಿಡಿದಿಟ್ಟುಕೊಳ್ಳಿ.

ಇನ್ಶೂರೆನ್ಸನ್ನು 14 ದಿನದೊಳಗೆ ನಿಮ್ಮ ಹೆಸರಿಗೆ ಮಾಡಿಸಿ. ನೋ ಕ್ಲೇಮ್ ಬೋನಸ್ ಮಾರಿದವರದ್ದು, ಕಾರಿನ ಜೊತೆ ಬರುವುದಿಲ್ಲ.

ಬೆಲೆ ಸರಿ ಇದೆಯಾ ಅಂತ ತಿಳಿಯೋದು ಹೇಗೆ?

2025ರ ಸೆಪ್ಟೆಂಬರ್ 22ರಿಂದ, ನಾಲ್ಕು ಮೀಟರ್ ಒಳಗಿನ, 1,200 ಸಿಸಿ ಮೀರದ ಪೆಟ್ರೋಲ್ ಕಾರುಗಳ ಜಿಎಸ್‌ಟಿ ಶೇ. 28ರಿಂದ 18ಕ್ಕೆ ಇಳಿಯಿತು, ಸೆಸ್ಸೂ ಹೋಯಿತು. ಹೊಸ ಕಾರು ಅಗ್ಗವಾದ ಮೇಲೆ ಹಳೆಯದಕ್ಕೆ ಹಳೆಯ ರೇಟ್ ಕೇಳುವುದು ಸರಿಯಲ್ಲ. ಇದನ್ನು ನೇರವಾಗಿ ಹೇಳಿ ಚೌಕಾಸಿ ಮಾಡಿ. ಪೋಲೋ ಮಾತ್ರ ನಿಂತುಹೋದ ಕಾರು, ಅದನ್ನು ಇಷ್ಟಪಡುವವರು ಬೆಲೆ ಬೀಳಲು ಬಿಡುವುದಿಲ್ಲ.

ಕಾರಿನ ಬೆಲೆಯ ಹತ್ತನೇ ಒಂದು ಭಾಗ ಪಕ್ಕಕ್ಕಿಡಿ. ಮೊದಲ ಮೂರು ತಿಂಗಳಲ್ಲಿ ಟೈರ್, ಬ್ಯಾಟರಿ, ಬ್ರೇಕ್ ಪ್ಯಾಡ್, ಎಲ್ಲ ದ್ರವಗಳ ಬದಲಾವಣೆ ಅಂತ ಅದು ಖರ್ಚಾಗುತ್ತದೆ. ಅಷ್ಟು ಮಿಗದಿದ್ದರೆ ಸ್ವಲ್ಪ ಕಡಿಮೆ ಬೆಲೆಯ ಕಾರು ನೋಡಿ.

## ಮನೆಗೆ ತಂದ ಮೇಲೆ

ಆಯಿಲ್ ಎಷ್ಟು ಕಿಲೋಮೀಟರಿಗೆ ಬದಲಿಸಬೇಕು? ಯಾವುದು ಹಾಕಿಸಬೇಕು?

ಕಾರು ತಂದ ವಾರವೇ ಒಮ್ಮೆ ಬದಲಿಸಿ, ಮಾರಿದವರು ಮೊನ್ನೆ ತಾನೇ ಹಾಕಿಸಿದೆ ಅಂದರೂ. ಆಮೇಲೆ ಕಾರಿನ ಜೊತೆ ಬರುವ ಮ್ಯಾನುಯಲ್ ಪುಸ್ತಕ 15,000 ಕಿಲೋಮೀಟರ್ ಅಂದರೂ ಬೆಂಗಳೂರಿನಂಥ ಓಡಾಟಕ್ಕೆ ನಾನು ಹೇಳುವುದು 7,500ರಿಂದ 8,000, ಅಥವಾ ವರ್ಷಕ್ಕೊಮ್ಮೆ. ಟ್ರಾಫಿಕ್‌ನಲ್ಲಿ ಮೀಟರ್ ಓಡದಿದ್ದರೂ ಎಂಜಿನ್ ಓಡುತ್ತಲೇ ಇರುತ್ತದೆ.

ಯಾವ ಆಯಿಲ್ ಅನ್ನುವುದಕ್ಕೆ ಮ್ಯಾನುಯಲ್ಲಿನಲ್ಲಿ ಗ್ರೇಡ್ ಜೊತೆ ಗುಣಮಟ್ಟದ ಸಂಕೇತವೂ ಇರುತ್ತದೆ. ಎರಡೂ ಡಬ್ಬಿಯ ಮೇಲೆ ಇರಬೇಕು. ಡಬ್ಬಿಯನ್ನು ನಿಮ್ಮ ಕಣ್ಣೆದುರೇ ತೆರೆಸಿ. ತಿಂಗಳಿಗೊಮ್ಮೆ ಡಿಪ್‌ಸ್ಟಿಕ್ ನೋಡಿ, ಟರ್ಬೋ ಕಾರುಗಳು ಸರ್ವಿಸ್ ನಡುವೆ ಸ್ವಲ್ಪ ಆಯಿಲ್ ಕುಡಿಯುವುದುಂಟು.

ನಿಲ್ಲಿಸಿದ ತಕ್ಷಣ ಆಫ್ ಮಾಡಬಾರದು ಅಂತಾರೆ. ದಿನಾ ಹಾಗೇ ಕಾಯಬೇಕಾ?

ಊರೊಳಗೆ ಬೇಡ. ಹೈವೇಯಿಂದ ಜೋರಾಗಿ ಬಂದು ಟೀಗೆ ನಿಲ್ಲಿಸಿದಾಗ, ಅಥವಾ ಘಾಟಿ ಹತ್ತಿ ಮೇಲೆ ನಿಂತಾಗ ಒಂದು ನಿಮಿಷ ಹಾಗೇ ಓಡಲಿ. ಬಿಸಿ ಟರ್ಬೋದಲ್ಲಿ ನಿಂತ ಆಯಿಲ್ ಸುಟ್ಟು ಕರಿ ಕಟ್ಟುವುದನ್ನು ಅದು ತಪ್ಪಿಸುತ್ತದೆ. ಇದಕ್ಕಿಂತ ಮುಖ್ಯವಾದದ್ದು ಬೆಳಿಗ್ಗೆಯ ಮೊದಲ ಐದು ನಿಮಿಷ. ಆಯಿಲ್ ಬಿಸಿಯಾಗುವ ತನಕ ಪೂರ್ತಿ ಒತ್ತಬೇಡಿ.

ಇ20 ಪೆಟ್ರೋಲ್ ಹಾಕಿದ್ರೆ ಟರ್ಬೋಗೆ ತೊಂದರೆನಾ? 95 ಆಕ್ಟೇನ್ ಹಾಕಿಸಬೇಕಾ?

ಇ20 ಅಂದ್ರೆ ಶೇ. 20 ಎಥೆನಾಲ್ ಬೆರೆತ ಪೆಟ್ರೋಲ್, ಇ10 ಅಂದ್ರೆ ಶೇ. 10. ಇಲ್ಲಿ ಎರಡು ವಿಷಯ ಬೇರೆ ಮಾಡಿ ನೋಡಬೇಕು. ಎಥೆನಾಲ್‌ಗೆ ನಾಕ್ (ಸಿಲಿಂಡರ್ ಒಳಗೆ ಮಿಶ್ರಣ ತಾನಾಗಿ ಹೊತ್ತಿ ಬಡಿಯುವುದು) ತಡೆಯುವ ಗುಣ ಜಾಸ್ತಿ, ಟರ್ಬೋ ಎಂಜಿನ್‌ಗೆ ಆ ಮಟ್ಟಿಗೆ ಒಳ್ಳೆಯದೇ. ಆದರೆ ಅದರಲ್ಲಿ ಶಕ್ತಿ ಪೆಟ್ರೋಲಿನ ಮೂರನೇ ಎರಡು ಭಾಗ ಮಾತ್ರ, ಹಾಗಾಗಿ ಮೈಲೇಜ್ ಸ್ವಲ್ಪ ಬೀಳುತ್ತದೆ. ಇನ್ನೊಂದು, ಪೈಪ್ ಮತ್ತು ಸೀಲ್. 2023ರ ಏಪ್ರಿಲ್‌ಗಿಂತ ಹಿಂದಿನ ಎಷ್ಟೋ ಕಾರುಗಳು ಇ10 ಲೆಕ್ಕದಲ್ಲಿ ತಯಾರಾದವು. ನಿಮ್ಮದು ಯಾವುದು ಅಂತ ಮ್ಯಾನುಯಲ್ ಅಥವಾ ಪೆಟ್ರೋಲ್ ಮುಚ್ಚಳದ ಮೇಲಿನ ಚೀಟಿ ಹೇಳುತ್ತದೆ. ಹಳೆಯದಾದರೆ ಪ್ರತಿ ಸರ್ವಿಸ್‌ನಲ್ಲೂ ಫ್ಯೂಯಲ್ ಪೈಪ್ ನೋಡಿಸಿ, ತಿಂಗಳುಗಟ್ಟಲೆ ಟ್ಯಾಂಕ್ ತುಂಬಿಸಿ ನಿಲ್ಲಿಸಬೇಡಿ.

ಆಕ್ಟೇನ್ ಸಂಖ್ಯೆ ಜಾಸ್ತಿ ಇದ್ದಷ್ಟೂ ಪೆಟ್ರೋಲ್ ನಾಕ್ ತಡೆಯುತ್ತದೆ. ಕಾರು ಸದ್ದಿಲ್ಲದೆ ಸರಿಯಾಗಿ ಓಡುತ್ತಿದ್ದರೆ 95 ಆಕ್ಟೇನ್‌ನ ದುಬಾರಿ ಪೆಟ್ರೋಲ್ ಅಗತ್ಯ ಇಲ್ಲ. ಏರಿನಲ್ಲಿ ಟಿಣ್ ಟಿಣ್ ನಾಕ್ ಸದ್ದು ಕೇಳಿದರೆ ಹಾಕಿಸಿ ನೋಡಿ.

## ಇನ್ನಷ್ಟು ಆಳಕ್ಕೆ

ಮೈಲೇಜ್ ಬರಲಿ ಅಂತ 40ಕ್ಕೇ ಟಾಪ್ ಗೇರ್ ಹಾಕ್ತೀನಿ. ತಪ್ಪಾ?

ಈ ಎಂಜಿನ್‌ಗಳಿಗೆ ತಪ್ಪು. 1,200 ಆರ್‌ಪಿಎಂನಲ್ಲಿ ಐದನೇ ಗೇರಿನಲ್ಲಿ ಪೂರ್ತಿ ಒತ್ತಿದರೆ ಸಿಲಿಂಡರ್ ಒಳಗೆ ಒತ್ತಡ ಜಾಸ್ತಿ, ವೇಗ ಕಡಿಮೆ. ನೇರ ಇಂಜೆಕ್ಷನ್ (ಪೆಟ್ರೋಲ್ ನೇರ ಸಿಲಿಂಡರ್ ಒಳಗೆ ಚಿಮ್ಮುವ) ಟರ್ಬೋಗಳಲ್ಲಿ ಕಿಡಿ ಹಾರುವ ಮುಂಚೆಯೇ ಮಿಶ್ರಣ ತಾನಾಗಿ ಹೊತ್ತಿಕೊಳ್ಳುವ ಅಪಾಯ ಇರುವುದು ಇಂಥ ಹೊತ್ತಿನಲ್ಲೇ. ಪಿಸ್ಟನ್ ಒಡೆಯುವಷ್ಟು ಪೆಟ್ಟು ಅದು. ಒಂದು ಗೇರ್ ಇಳಿಸಿ, 1,800 ದಾಟಿಸಿ, ಆಮೇಲೆ ಒತ್ತಿ.

ಕಾರ್ಬನ್ ಕ್ಲೀನಿಂಗ್ ಮಾಡಿಸಿ ಅಂತ ಪ್ರತಿ ಸರ್ವಿಸ್‌ನಲ್ಲೂ ಹೇಳ್ತಾರೆ. ಬೇಕಾ?

ಟಿಎಸ್‌ಐ, ಬೂಸ್ಟರ್‌ಜೆಟ್, ಹ್ಯುಂಡೈ ಟರ್ಬೋಗಳಲ್ಲಿ ಪೆಟ್ರೋಲ್ ನೇರ ಸಿಲಿಂಡರ್ ಒಳಗೆ ಚಿಮ್ಮುತ್ತದೆ. ಗಾಳಿ ಬರುವ ವಾಲ್ವ್‌ಗಳ ಹಿಂಬದಿಯನ್ನು ಪೆಟ್ರೋಲ್ ತೊಳೆಯುವುದಿಲ್ಲ, ಅಲ್ಲಿ ನಿಧಾನಕ್ಕೆ ಕರಿ ಕಟ್ಟುತ್ತದೆ. ಟಾಟಾ ಮತ್ತು ಅಬಾರ್ತ್ ಎಂಜಿನ್‌ಗಳಲ್ಲಿ ಪೆಟ್ರೋಲ್ ವಾಲ್ವ್‌ಗಿಂತ ಮುಂಚೆಯೇ ಸೇರುವುದರಿಂದ ಈ ತೊಂದರೆ ಇಲ್ಲ. ಅವಕ್ಕೆ ಯಾರಾದರೂ ಇದನ್ನು ಮಾರಿದರೆ ಬೇಡ ಅನ್ನಿ.

ನೇರ ಇಂಜೆಕ್ಷನ್ ಕಾರಿಗೂ ಪ್ರತಿ ಸಲ ಬೇಡ. 70-80 ಸಾವಿರ ದಾಟಿ, ಐಡ್ಲಿಂಗ್ ಒರಟಾಗಿ, ಎಳೆತ ಮಂದವಾದಾಗ ಕ್ಯಾಮೆರಾ ಬಿಟ್ಟು ನೋಡಿಸಿ. ಟ್ಯಾಂಕಿಗೆ ಸುರಿಯುವ ದ್ರವ ಆ ವಾಲ್ವ್‌ಗಳನ್ನು ಮುಟ್ಟುವುದೇ ಇಲ್ಲ.

ಪಿಕಪ್ ಬಿದ್ದಿದೆ. ಟರ್ಬೋ ಹೋಗಿದೆ, ಬದಲಿಸಬೇಕು ಅಂದ್ರು. ನಂಬಲಾ?

ತಕ್ಷಣ ನಂಬಬೇಡಿ. ಪಿಕಪ್ ಬೀಳಲು ಅಗ್ಗದ ಕಾರಣಗಳು ಬಹಳ. ಬಿರುಕು ಬಿಟ್ಟ ರಬ್ಬರ್ ಹೋಸ್, ಸಡಿಲವಾದ ಕ್ಲಿಪ್, ಇಲಿ ಕಡಿದ ವ್ಯಾಕ್ಯೂಮ್ ಪೈಪ್, ಸೋತ ಕಾಯಿಲ್ ಅಥವಾ ಸ್ಪಾರ್ಕ್ ಪ್ಲಗ್, ಕಟ್ಟಿದ ಏರ್ ಫಿಲ್ಟರ್, ಹೆಚ್ಚಾದ ಹೊಗೆಯನ್ನು ಟರ್ಬೋದ ಬದಿಯಿಂದ ಬಿಡುವ ಬಾಗಿಲು (ವೇಸ್ಟ್‌ಗೇಟ್) ಅಂಟಿಕೊಂಡಿರುವುದು. ಮೊದಲು ಹೊಗೆ ಬಿಟ್ಟು ಸೋರಿಕೆ ಹುಡುಕುವ ಸ್ಮೋಕ್ ಟೆಸ್ಟ್ ಮಾಡಿಸಿ. ಓಡುವಾಗ ಸ್ಕ್ಯಾನರ್‌ನಲ್ಲಿ ಎಂಜಿನ್ ಕೇಳಿದ ಬೂಸ್ಟ್ (ಟರ್ಬೋ ತುಂಬುವ ಗಾಳಿಯ ಒತ್ತಡ) ಎಷ್ಟು, ಸಿಕ್ಕ ಬೂಸ್ಟ್ ಎಷ್ಟು ಅಂತ ತೋರಿಸಲು ಹೇಳಿ.

ಪೈಪ್ ಬಿಚ್ಚಿ ಟರ್ಬೋ ದಂಡವನ್ನು ಕೈಯಲ್ಲಿ ಅಲ್ಲಾಡಿಸಿದಾಗ ಪಕ್ಕಕ್ಕೆ ಚೂರು ಆಟ ಇರುವುದು ಸಹಜ. ಹಿಂದೆ ಮುಂದೆ ಜಗ್ಗಿದರೆ, ರೆಕ್ಕೆಗಳು ಗೋಡೆಗೆ ತಾಗಿ ಸವೆದಿದ್ದರೆ, ಅದರ ಜೊತೆ ನೀಲಿ ಹೊಗೆಯೂ ಇದ್ದರೆ ಮಾತ್ರ ಟರ್ಬೋ ಹೋಗಿದೆ ಅನ್ನಬಹುದು. ಬದಲಿಸುವಾಗ ಅದಕ್ಕೆ ಆಯಿಲ್ ಒಯ್ಯುವ ಪೈಪನ್ನೂ ಬದಲಿಸಿ. ಕಟ್ಟಿದ ಹಳೆಯ ಪೈಪ್ ಹೊಸ ಟರ್ಬೋವನ್ನೂ ಕೊಲ್ಲುತ್ತದೆ.

ರೀಮ್ಯಾಪ್ ಮಾಡಿಸಿದ್ರೆ 140 ಪಿಎಸ್ ಬರುತ್ತಂತೆ. ಮಾಡಿಸಲಾ? ಮಾಡಿಸಿರೋ ಕಾರು ಸಿಕ್ಕರೆ ತಗೊಳ್ಳಲಾ?

ಟರ್ಬೋ ಎಂಜಿನ್‌ನಲ್ಲಿ ಕಂಪ್ಯೂಟರ್ ಮ್ಯಾಪ್ ಬದಲಿಸಿ ಬೂಸ್ಟ್ ಏರಿಸಿದರೆ ಶಕ್ತಿ ನಿಜವಾಗಿಯೂ ಏರುತ್ತದೆ. ಏರಿದ ಆ ಟಾರ್ಕನ್ನು ಅದೇ ಕ್ಲಚ್, ಅದೇ ಗೇರ್‌ಬಾಕ್ಸ್, ಅದೇ ಬ್ರೇಕ್ ಹೊರಬೇಕು. ಒಣ ಕ್ಲಚ್ ಡಿಎಸ್‌ಜಿಗೆ ಇದು ಭಾರ. ಮ್ಯಾನುಯಲ್ ಕಾರಿನಲ್ಲಿ, ಎಂಜಿನ್ ಆರೋಗ್ಯವಾಗಿದ್ದು, ಟೈರ್ ಮತ್ತು ಬ್ರೇಕ್ ಮೊದಲು ಸುಧಾರಿಸಿ, ಹೆಸರಿರುವ ಟ್ಯೂನರ್ ಹತ್ತಿರ ಮಿತವಾಗಿ ಮಾಡಿಸಿದರೆ ಸರಿ ಅನ್ನುವುದು ನನ್ನ ಅಭಿಪ್ರಾಯ. ವಾರಂಟಿ ಇದ್ದರೆ ಅದು ಹೋಗುತ್ತದೆ. ಇನ್ಶೂರೆನ್ಸ್ ಕಂಪನಿಗೆ ತಿಳಿಸದ ಮಾರ್ಪಾಡು ಇದ್ದರೆ ಕ್ಲೇಮ್ ತಕರಾರಾಗಬಹುದು, ಆದ್ದರಿಂದ ತಿಳಿಸಿಯೇ ಮಾಡಿಸಿ.

ಬೇರೆಯವರು ಮಾಡಿಸಿದ ಕಾರನ್ನು ನಾನು ಯಾರಿಗೂ ತಗೊಳ್ಳಿ ಅನ್ನುವುದಿಲ್ಲ. ಕಂಪನಿಯ ಸ್ಟಾಕ್ ಮ್ಯಾಪಿಗೆ ವಾಪಸ್ ಹಾಕಿಸಿದ್ದೇನೆ ಅನ್ನುತ್ತಾರೆ. ಕ್ಲಚ್ ಪ್ಲೇಟ್ ಮತ್ತು ಪಿಸ್ಟನ್ ಮೇಲೆ ಬಿದ್ದ ಪೆಟ್ಟು ಅದರಿಂದ ವಾಪಸ್ ಹೋಗುವುದಿಲ್ಲ. ದೊಡ್ಡ ಏರ್ ಫಿಲ್ಟರ್ ಇದ್ದ ಜಾಗದ ಬ್ರಾಕೆಟ್ ಗುರುತು, ಬದಲಾದ ಸೈಲೆನ್ಸರ್, ಡ್ಯಾಶ್‌ಬೋರ್ಡಿನಲ್ಲಿ ಬೂಸ್ಟ್ ಮೀಟರ್ ಕೂರಿಸಿ ತೆಗೆದ ತೂತು ಕಂಡರೆ ನೇರವಾಗಿ ಕೇಳಿ. ಮುಚ್ಚುಮರೆ ಇಲ್ಲದೆ ಟ್ಯೂನರ್ ಹೆಸರು, ದಿನಾಂಕ, ಬಿಲ್ ಎಲ್ಲ ಮುಂದಿಟ್ಟರೆ ಕೂತು ಮಾತಾಡಬಹುದು. ಹಾಗೆ ಏನೂ ಇಲ್ಲ ಅಂತ ತಳ್ಳಿಹಾಕಿದರೆ ಅಲ್ಲಿಂದ ಎದ್ದು ಬನ್ನಿ, ಮುಂದಿನ ಕಾರು ನೋಡಿ.